ತೋಟದ ಕುಳ್ಳಬೊಂಬೆಯೂ ಯಕ್ಷನೂ

೧

ಪಾಶ್ಚಾತ್ಯ ದೇಶಗಳ ಮನೆದೋಟಗಳಲ್ಲಿ ಕೆಂಪು ಟೊಪ್ಪಿಗೆಯನ್ನು ಧರಿಸಿ, ಬಿಳಿಯ ಗಡ್ಡವನ್ನು ಇಳಿಯಬಿಟ್ಟು, ಕೈಯಲ್ಲಿ ಗುದ್ದಲಿಯನ್ನೋ ಗಾಳದ ಕೋಲನ್ನೋ ಹಿಡಿದು ನಿಂತಿರುವ ಮೊಳದುದ್ದದ ಬೊಂಬೆಯೊಂದುಂಟು. ಇದಕ್ಕೆ ಆಂಗ್ಲಭಾಷೆಯಲ್ಲಿ ನೋಮ್ ಎಂದು ಹೆಸರು. ಮಕ್ಕಳ ಕಥೆಗಳಿಂದಲೂ ಚಲನಚಿತ್ರಗಳಿಂದಲೂ ಈ ರೂಪವು ಕನ್ನಡ ಓದುಗರಿಗೆ ಪರಿಚಿತವಾಗಿದೆ. ಈ ಶಬ್ದವನ್ನು ಕನ್ನಡಿಸಬೇಕಾಗಿ ಬಂದಾಗ 'ಯಕ್ಷ' ಎಂಬ ಪದವೇ ಮೊದಲು ನಾಲಗೆಗೆ ಬರುವುದು ಸಹಜ. ಯಕ್ಷನೂ ನಿಧಿಯನ್ನು ಕಾಯುವವನು, ನೋಮನೂ ನಿಧಿಯನ್ನು ಕಾಯುವವನು. ಯಕ್ಷಪತಿಯಾದ ಕುಬೇರನು ಡೊಳ್ಳುಹೊಟ್ಟೆಯವನು, ಈ ಬೊಂಬೆಯೂ ಡೊಳ್ಳುಹೊಟ್ಟೆಯದು. ಆದುದರಿಂದ ಇವೆರಡೂ ಒಂದೇ ಎಂಬ ವಾದವು ಮೇಲ್ನೋಟಕ್ಕೆ ರಮಣೀಯವಾಗಿದೆ. ಆದರೆ ರಮಣೀಯವಾದುದೆಲ್ಲವೂ ಪ್ರಮಾಣವಾಗಲಾರದು. ಒಂದು ಶಬ್ದವನ್ನು ಮತ್ತೊಂದರ ಸ್ಥಾನದಲ್ಲಿ ಇಡುವಾಗ ಎರಡರ ಚರಿತ್ರೆಯನ್ನೂ ಪರಾಮರ್ಶಿಸುವುದು ವಿದ್ವಾಂಸರ ಕರ್ತವ್ಯ. ಇಲ್ಲವಾದರೆ ಹೊಸ ಬೊಂಬೆಯೊಂದಕ್ಕೆ ಹೆಸರು ದೊರೆಯುವುದಷ್ಟೆ. ಹಳೆಯ ಕಾವ್ಯಗಳ ಅರ್ಥವು ಕೆಡುವುದು.

೨

ಮೊದಲು ನೋಮನ ವೃತ್ತಾಂತವನ್ನು ನೋಡತಕ್ಕದ್ದು. ಈ ಶಬ್ದವನ್ನು ಬಳಕೆಗೆ ತಂದವನು ಹದಿನಾರನೆಯ ಶತಮಾನದ ವೈದ್ಯನೂ ರಸವಾದಿಯೂ ಆದ ಪ್ಯಾರಾಸೆಲ್ಸಸ್ ಎಂಬವನು. ಅವನು ಪೃಥಿವಿ, ಅಪ್ಪು, ತೇಜಸ್ಸು, ವಾಯು ಎಂಬ ನಾಲ್ಕು ಭೂತಗಳಿಗೆ ಒಂದೊಂದು ಜಾತಿಯ ಜೀವಿಗಳನ್ನು ಕಲ್ಪಿಸಿ, ಪೃಥಿವಿಯಲ್ಲಿ ವಾಸಿಸುವವರಿಗೆ ಈ ಹೆಸರನ್ನಿಟ್ಟನು. ಮೀನು ನೀರಿನಲ್ಲಿ ಸಂಚರಿಸುವಂತೆ ಇವರು ಮಣ್ಣಿನೊಳಗೆ ತಡೆಯಿಲ್ಲದೆ ಸಂಚರಿಸುವರೆಂಬುದು ಅವನ ಮತ. ಅವನು ೧೫೪೧ರಲ್ಲಿ ತೀರಿಕೊಂಡ ಮೇಲೆ ೧೫೬೬ರಲ್ಲಿ ಈ ಗ್ರಂಥವು ಪ್ರಕಟವಾಯಿತು. ಇಂಗ್ಲಿಷ್ ಕಾವ್ಯದಲ್ಲಿ ಈ ಜೀವಿಗಳಿಗೆ ಪ್ರಸಿದ್ಧಿಯನ್ನು ತಂದವನು ೧೭೧೪ರ ತನ್ನ ಪರಿಹಾಸಕಾವ್ಯದಲ್ಲಿ ಇವನ್ನು ಪಾತ್ರಗಳಾಗಿ ಮಾಡಿಕೊಂಡ ಅಲೆಗ್ಸಾಂಡರ್ ಪೋಪನು. ಇಷ್ಟರವರೆಗೆ ನೋಮನು ಕಲ್ಪನೆಯ ಜೀವಿ. ತೋಟಕ್ಕೂ ಅವನಿಗೂ ಸಂಬಂಧವಿಲ್ಲ.

ತೋಟಕ್ಕೆ ಬಂದ ಬೊಂಬೆಯ ವಂಶವೇ ಬೇರೆ. ಫ್ರಾನ್ಸಿನ ಜಾಕ್ ಕಲ್ಲೋ ಎಂಬ ಚಿತ್ರಕಾರನು ಹದಿನೇಳನೆಯ ಶತಮಾನದ ಆರಂಭದಲ್ಲಿ ಕುಳ್ಳರ ಮತ್ತು ಗೂನು ಬೆನ್ನಿನವರ ವಿನೋದಚಿತ್ರಗಳನ್ನು ಕೆತ್ತಿದನು. ಆ ಮಾಲಿಕೆಗೆ ಇಟಾಲಿಯನ್ ಭಾಷೆಯಲ್ಲಿ ಗೂನರೆಂದೇ ಹೆಸರು. ಆ ಕಾಲದ ಅರಮನೆಗಳಲ್ಲಿ ಕುಳ್ಳರನ್ನು ವಿನೋದಕ್ಕಾಗಿ ಇಟ್ಟುಕೊಳ್ಳುವ ಪದ್ಧತಿಯಿದ್ದಿತು. ಆಸ್ಟ್ರಿಯದ ಸಾಲ್ಜ್‌ಬರ್ಗ್ ನಗರದ ಮೀರಾಬೆಲ್ ಉದ್ಯಾನದಲ್ಲಿ ೧೬೯೦ರ ಸುಮಾರಿಗೆ ಅಮೃತಶಿಲೆಯ ಕುಳ್ಳರ ಪ್ರತಿಮೆಗಳು ನಿಂತವು. ಹತ್ತೊಂಬತ್ತನೆಯ ಶತಮಾನದ ಆದಿಯಲ್ಲಿ ಅವು ಸಭ್ಯವಲ್ಲವೆಂದು ತೆಗೆಯಲ್ಪಟ್ಟು, ಅನಂತರ ಕೆಲವು ಮತ್ತೆ ಸ್ವಸ್ಥಾನಕ್ಕೆ ಬಂದವು. ಇಂಗ್ಲೆಂಡಿನ ನಾರ್ಥ್ಯಾಂಪ್ಟನ್‌ಷೈರಿನ ಲ್ಯಾಂಪೋರ್ಟ್ ಎಂಬ ಮನೆಯಲ್ಲಿ ಸರ್ ಚಾರ್ಲ್ಸ್ ಐಷಮ್ ಎಂಬವನು ೧೮೪೭ರಿಂದ ಕೃತಕವಾದ ಕಲ್ಲುಗುಡ್ಡವೊಂದನ್ನು ಕಟ್ಟಿಸಿ, ಜರ್ಮನಿಯಿಂದ ತರಿಸಿದ ಸುಟ್ಟ ಮಣ್ಣಿನ ಕುಳ್ಳಬೊಂಬೆಗಳನ್ನು ಗಣಿಕೆಲಸಗಾರರಂತೆ ಅದರಲ್ಲಿ ನಿಲ್ಲಿಸಿದನು. ಅವುಗಳಲ್ಲಿ ಈಗ ಉಳಿದಿರುವುದು ಒಂದೇ. ಜರ್ಮನಿಯ ತುರಿಂಗಿಯ ಪ್ರಾಂತದ ಗ್ರೇಫೆನ್‌ರೋಡಾ ಗ್ರಾಮದಲ್ಲಿ ೧೮೭೦ರ ದಶಕದಿಂದ ಹೈಸ್ನರ್ ಮತ್ತು ಗ್ರೀಬೆಲ್ ಎಂಬವರ ಕಾರ್ಖಾನೆಗಳು ಇಂಥ ಬೊಂಬೆಗಳನ್ನು ಅಚ್ಚು ಹಾಕಿ ಹೇರಳವಾಗಿ ಮಾಡತೊಡಗಿದವು. ೧೯೩೭ರಲ್ಲಿ ಏಳು ಮಂದಿ ಕುಳ್ಳರ ಕಥೆಯು ವಾಲ್ಟ್ ಡಿಸ್ನಿಯ ಚಲನಚಿತ್ರವಾದ ಮೇಲೆ ಈ ರೂಪವು ಲೋಕವನ್ನೆಲ್ಲ ಸುತ್ತಿತು.

ಈ ಚರಿತ್ರೆಯಲ್ಲಿ ಗಮನಿಸತಕ್ಕ ಅಂಶವೊಂದುಂಟು. ಶ್ರೀಮಂತನ ಉದ್ಯಾನದಲ್ಲಿದ್ದಾಗ ವಿಲಾಸವೆನಿಸಿದ ಬೊಂಬೆಯು, ಅಚ್ಚಿನಿಂದ ಅಗ್ಗವಾಗಿ ಕೂಲಿಕಾರನ ಅಂಗಳಕ್ಕೆ ಬಂದೊಡನೆ ಅರಸಿಕತೆಯ ಗುರುತೆನಿಸಿತು. ಲಂಡನ್ನಿನ ಚೆಲ್ಸಿ ಪುಷ್ಪಪ್ರದರ್ಶನದಲ್ಲಿ ಇದಕ್ಕೆ ಪ್ರವೇಶವೇ ಇಲ್ಲ. ೨೦೧೩ರ ಶತಮಾನೋತ್ಸವದ ಸಂದರ್ಭದಲ್ಲಿ ಆ ಒಂದು ವರ್ಷಕ್ಕೆ ಮಾತ್ರ ನಿಷೇಧವನ್ನು ಸಡಿಲಿಸಿದರು. ಬೊಂಬೆಯು ಬದಲಾಗಲಿಲ್ಲ, ಅದನ್ನು ಕೊಳ್ಳುವವನು ಬದಲಾದನು. ಆದುದರಿಂದ ಈ ವಿಷಯದಲ್ಲಿ ರುಚಿಯ ತೀರ್ಪೆಂದು ಹೇಳುವುದರಲ್ಲಿ ಎಷ್ಟು ಭಾಗವು ಅಂತಸ್ತಿನ ತೀರ್ಪೆಂಬುದನ್ನು ವಿಮರ್ಶಕನು ಬೇರ್ಪಡಿಸಿ ನೋಡಬೇಕು.

೩

ಇನ್ನು ಯಕ್ಷನ ವಿಚಾರ. ಅಮರಸಿಂಹನು ಸ್ವರ್ಗವರ್ಗದಲ್ಲಿ ಯಕ್ಷರನ್ನೂ ಗುಹ್ಯಕರನ್ನೂ ದೇವಯೋನಿಗಳಲ್ಲಿ ಎಣಿಸಿದ್ದಾನೆ. ಮರೆಮಾಡು ಎಂಬರ್ಥದ ಧಾತುವಿನಿಂದ ಹುಟ್ಟಿದ ಗುಹ್ಯಕಶಬ್ದವು ನಿಧಿಯನ್ನು ಬಚ್ಚಿಟ್ಟು ಕಾಯುವ ಕೆಲಸವನ್ನು ಸೂಚಿಸುತ್ತದೆ. ಇಷ್ಟು ಮಾತ್ರದಿಂದ ನೋಮನೂ ಯಕ್ಷನೂ ಒಂದೇ ಎನ್ನುವವರು 'ಹ್ರಸ್ವಕಾಯನಾಗಿ ನಿಧಿಯನ್ನು ಕಾಯುವವನು' ಎಂಬ ಲಕ್ಷಣವನ್ನು ಮನಸ್ಸಿನಲ್ಲಿಟ್ಟುಕೊಂಡಿರಬೇಕು. ಈ ಲಕ್ಷಣವು ಯಕ್ಷರಲ್ಲಿ ಸಲ್ಲುವುದೇ ಎಂಬುದನ್ನು ಪರೀಕ್ಷಿಸಬೇಕು.

ಮಹಾಭಾರತದ ಆರಣ್ಯಪರ್ವದಲ್ಲಿ ಸರೋವರವನ್ನು ಕಾಯುತ್ತ ಧರ್ಮರಾಜನಿಗೆ ಪ್ರಶ್ನೆಗಳನ್ನು ಹಾಕುವ ಯಕ್ಷನು ಕುಳ್ಳನಲ್ಲ. ಅವನು ತಾಳೆಯ ಮರದಷ್ಟು ಎತ್ತರದವನು, ಮಹಾಕಾಯನು, ಅಗ್ನಿಸೂರ್ಯರಂತೆ ಜ್ವಲಿಸುವವನು. ಮೇಘದೂತದ ಯಕ್ಷನಾದರೋ ವಿರಹದಿಂದ ಬಳಲಿದ ನಾಯಕನು. ಅಲಕಾನಗರಿಯ ಅವನ ಮನೆಯನ್ನು ವರ್ಣಿಸುವಾಗ ಕಾಳಿದಾಸನು ಬಾಲಮಂದಾರ, ಮೆಟ್ಟಿಲುಗಳುಳ್ಳ ಬಾವಿ, ಕ್ರೀಡಾಶೈಲ, ಅಶೋಕ, ಕೇಸರ ಇವೆಲ್ಲವನ್ನೂ ಒಂದೊಂದಾಗಿ ತೋರಿಸುತ್ತಾನೆ. ಸಂಸ್ಕೃತ ಕಾವ್ಯದ ಅತ್ಯಂತ ಸುಂದರವಾದ ಮನೆದೋಟಗಳಲ್ಲಿ ಇದೊಂದು. ಆದರೆ ಅಲ್ಲಿ ಯಕ್ಷನು ತೋಟದ ಒಡೆಯನೇ ಹೊರತು ತೋಟದ ಅಲಂಕಾರವಲ್ಲ. ನಿಧಿಯ ಗುರುತಾಗಿ ಅಲ್ಲಿರುವುದು ಬಾಗಿಲಿನ ಎರಡು ಪಕ್ಕಗಳಲ್ಲಿ ಬರೆದ ಶಂಖಪದ್ಮಗಳು ಮಾತ್ರ. ಹೀಗೆ ಮುಖ್ಯವಾದ ಎರಡು ಉದಾಹರಣೆಗಳಲ್ಲಿಯೇ ಲಕ್ಷಣವು ಸಲ್ಲದೆ ಅವ್ಯಾಪ್ತಿದೋಷವು ಬಂದೊದಗುತ್ತದೆ.

ಶಿಲ್ಪದಲ್ಲಿ ಕುಳ್ಳಯಕ್ಷರು ಇಲ್ಲವೇ ಎಂದು ಕೇಳಿದರೆ, ಅವಶ್ಯವಾಗಿ ಉಂಟು. ಸಾಂಚಿಯ ಪಶ್ಚಿಮ ತೋರಣದಲ್ಲಿ ಡೊಳ್ಳುಹೊಟ್ಟೆಯ ಕುಳ್ಳರು ಮೇಲಿನ ಭಾರವನ್ನು ಹೊತ್ತು ನಿಂತಿದ್ದಾರೆ. ಕನ್ನಡನಾಡಿನಲ್ಲಿಯೇ ಬಾದಾಮಿಯ ಗುಹಾಲಯಗಳ ಜಗತಿಯ ಪಟ್ಟಿಕೆಗಳಲ್ಲಿ ಕುಣಿಯುವ, ವಾದ್ಯವನ್ನು ನುಡಿಸುವ ಕುಳ್ಳಗಣಗಳ ಸಾಲುಗಳಿವೆ. ಅಲ್ಲಿನ ಮೂರನೆಯ ಗುಹೆಯು ಶಕವರ್ಷ ೫೦೦, ಎಂದರೆ ಕ್ರಿ. ಶ. ೫೭೮ರಲ್ಲಿ ಮಂಗಳೇಶನಿಂದ ಆದುದು. ಆದರೆ ಈ ಕುಳ್ಳರು ಯಾವ ಸ್ಥಾನದಲ್ಲಿ ಇದ್ದಾರೆಂಬುದು ಮುಖ್ಯ. ಅವರು ದೇವಾಲಯದ ಭಾರವನ್ನು ತಳದಲ್ಲಿ ಹೊತ್ತು, ಹೊತ್ತರೂ ನಲಿಯುತ್ತಿದ್ದಾರೆ. ಅವರ ಹ್ರಸ್ವತೆಯು ಇಡೀ ಕಟ್ಟಡದ ಪ್ರಮಾಣಕ್ಕೆ ಸಂಬಂಧಪಟ್ಟುದು. ಅವರನ್ನು ಅಲ್ಲಿಂದ ಕಿತ್ತು ಹುಲ್ಲುಹಾಸಿನ ಮೇಲೆ ಒಂಟಿಯಾಗಿ ನಿಲ್ಲಿಸಿದರೆ ಅರ್ಥವೇ ಉಳಿಯುವುದಿಲ್ಲ. ಮಂಡ್ಯ ಜಿಲ್ಲೆಯ ನಾಗಮಂಗಲ ತಾಲ್ಲೂಕಿನ ಕಂಬದಹಳ್ಳಿಯಲ್ಲಿ ಜೈನರ ಬ್ರಹ್ಮಯಕ್ಷನು ಎತ್ತರವಾದ ಕಂಬದ ನೆತ್ತಿಯ ಮೇಲೆ ಕುಳಿತಿದ್ದಾನೆ. ಆ ಕಂಬದಿಂದಲೇ ಊರಿಗೆ ಹೆಸರು ಬಂದಿದೆ. ನೋಡುವವನು ಅವನ ಕಡೆಗೆ ತಲೆಯೆತ್ತಬೇಕು. ನೋಮನ ಕಡೆಗಾದರೋ ತಲೆಯನ್ನು ತಗ್ಗಿಸಬೇಕು.

ಯಕ್ಷಶಬ್ದವು ಕನ್ನಡದಲ್ಲಿ ಸತ್ತುಹೋದ ಶಬ್ದವೂ ಅಲ್ಲ. ಜಕ್ಕ, ಜಕ್ಕಿ ಎಂಬ ತದ್ಭವಗಳಾಗಿ ಜನರ ಬಾಯಲ್ಲಿ ಬೆಳೆದಿದೆ. ಜಕ್ಕಿಯಬ್ಬೆ, ಜಕ್ಕವ್ವೆ ಎಂಬ ಹೆಸರುಗಳು ಶಾಸನಗಳಲ್ಲಿ ದೊರೆಯುತ್ತವೆ. ಜಕ್ಕಿಣಿಯೆಂಬ ಮಾತು ತೀರಿಕೊಂಡ ಹೆಂಗಸಿನ ಆತ್ಮವನ್ನು ಕುರಿತು ಭಯಭಕ್ತಿಗಳೊಡನೆ ಈಗಲೂ ಬಳಕೆಯಲ್ಲಿದೆ. ಇಷ್ಟು ಭಾರವನ್ನು ಹೊತ್ತ ಶಬ್ದವನ್ನು ವಿನೋದದ ಬೊಂಬೆಗೆ ಕೊಡುವುದು ಉಚಿತವಲ್ಲ.

೪

ಯಕ್ಷನಲ್ಲದಿದ್ದರೆ ಹೊಲದ ಬೆದರುಬೊಂಬೆಯೇ ನೋಮನಿಗೆ ಸಮನೆಂದು ಮತ್ತೊಂದು ಪಕ್ಷವನ್ನು ಹೂಡಬಹುದು. ಮಂಡ್ಯ, ಮದ್ದೂರು, ಮಳವಳ್ಳಿಗಳ ಬಯಲಿನಲ್ಲಿ ಇದಕ್ಕೆ ಉದಾಹರಣೆಯನ್ನು ಹುಡುಕುವುದು ಸುಲಭ. ಎರಡು ಕೋಲುಗಳನ್ನು ಅಡ್ಡಲಾಗಿ ಕಟ್ಟಿ, ಹಳೆಯ ಅಂಗಿಯನ್ನು ತೊಡಿಸಿ, ಹುಲ್ಲನ್ನು ತುಂಬಿ, ಮೇಲೆ ಮಸಿ ಹತ್ತಿದ ಮಡಕೆಯನ್ನು ಬೋರಲು ಹಾಕಿ, ಸುಣ್ಣದಿಂದ ಕಣ್ಣುಮೂಗುಗಳನ್ನು ಬರೆದರೆ ಬೆದರುಬೊಂಬೆಯಾಯಿತು. ಇದನ್ನು ಬೆರ್ಚಪ್ಪನೆಂದೂ ಕರೆಯುತ್ತಾರೆ. ಬೆರ್ಚು ಎಂಬುದು ಹಳಗನ್ನಡದ ಮಾತು.

ಮೀಮಾಂಸಕರ ಪರಿಭಾಷೆಯಲ್ಲಿ ಹೇಳುವುದಾದರೆ ಈ ಬೊಂಬೆಗೆ ಎರಡು ಪ್ರಯೋಜನಗಳುಂಟು. ತೆನೆಗೆ ಎರಗುವ ಹಕ್ಕಿಗಳನ್ನು ಹೆದರಿಸುವುದು ದೃಷ್ಟಪ್ರಯೋಜನ. ಹಾದಿಹೋಕರ ಕೆಟ್ಟ ಕಣ್ಣು ಬೆಳೆಯ ಮೇಲೆ ಬೀಳದಂತೆ ತನ್ನ ಮೇಲೆ ಎಳೆದುಕೊಳ್ಳುವುದು ಅದೃಷ್ಟಪ್ರಯೋಜನ. ಎರಡಕ್ಕೂ ವಿರೂಪತೆಯೇ ಸಾಧನ. ಕಟ್ಟುತ್ತಿರುವ ಮನೆಯ ಮುಂದೆ ತೂಗುಹಾಕುವ ದೃಷ್ಟಿಬೊಂಬೆಯಲ್ಲಿಯೂ, ಮೀಸೆ ಕೋರೆಹಲ್ಲುಗಳನ್ನು ಬರೆದ ಬೂದುಗುಂಬಳದಲ್ಲಿಯೂ ಎರಡನೆಯ ಪ್ರಯೋಜನವೊಂದೇ ಉಳಿದಿದೆ.

ಈ ಎರಡು ಪ್ರಯೋಜನಗಳು ಬೇರೆಬೇರೆಯೆಂಬುದಕ್ಕೆ ಈ ಪ್ರಾಂತದ ಬೆಳೆಗಳ ಇತಿಹಾಸವೇ ಸಾಕ್ಷಿ. ಕನ್ನಂಬಾಡಿಯಲ್ಲಿ ೧೯೧೧ರಲ್ಲಿ ಆರಂಭವಾದ ಅಣೆಕಟ್ಟೆಯು ಮುಗಿದು, ಮೊದಲು ಇರ್ವಿನ್ ನಾಲೆಯೆಂದೂ ಅನಂತರ ವಿಶ್ವೇಶ್ವರಯ್ಯ ನಾಲೆಯೆಂದೂ ಹೆಸರಾದ ಕಾಲುವೆಯ ನೀರು ಬಂದ ಮೇಲೆ, ಮಳೆಯನ್ನೇ ನೆಚ್ಚಿದ ರಾಗಿಯ ಹೊಲಗಳು ಎಷ್ಟೋ ಕಡೆ ಭತ್ತ ಕಬ್ಬುಗಳ ಗದ್ದೆಗಳಾದವು. ಮಂಡ್ಯದಲ್ಲಿ ಮೈಸೂರು ಸಕ್ಕರೆ ಕಂಪನಿಯು ೧೯೩೩ರಲ್ಲಿ ಸ್ಥಾಪಿತವಾಯಿತು. ರಾಗಿ, ಜೋಳ, ಭತ್ತಗಳ ತೆನೆಗೆ ಹಕ್ಕಿಯ ಭಯವುಂಟು; ಕಬ್ಬಿಗೆ ಆ ಭಯವಿಲ್ಲ. ಹೀಗಿದ್ದರೂ ಹಕ್ಕಿಯು ಮುಟ್ಟದ ಬೆಳೆಯ ಬದುವಿನಲ್ಲಿಯೂ, ತರಕಾರಿಯ ತೋಟದಲ್ಲಿಯೂ ಸುಣ್ಣದ ಚುಕ್ಕೆಗಳ ಕರಿಯ ಮಡಕೆಯನ್ನು ಇಡುವುದುಂಟಾದರೆ, ಅಲ್ಲಿ ಕೆಲಸಮಾಡುತ್ತಿರುವುದು ಅದೃಷ್ಟಪ್ರಯೋಜನವೇ ಎಂದು ತಿಳಿಯಬೇಕು.

ನೋಮನಿಗೆ ಇವೆರಡರಲ್ಲಿ ಒಂದೂ ಇಲ್ಲ. ಹಕ್ಕಿಯು ಅವನ ಟೊಪ್ಪಿಗೆಯ ಮೇಲೆ ಕುಳಿತರೆ ತೋಟದ ಒಡೆಯನಿಗೆ ಸಂತೋಷವೇ. ಕಣ್ಣನ್ನು ತನ್ನ ಕಡೆಗೆ ಸೆಳೆಯುವುದು ಇಬ್ಬರಿಗೂ ಸಮಾನವಾದರೂ, ಬೆರ್ಚಪ್ಪನು ಸೆಳೆಯುವುದು ಬೆಳೆಯ ರಕ್ಷಣೆಗಾಗಿ, ನೋಮನು ಸೆಳೆಯುವುದು ತನ್ನ ನೋಟಕ್ಕಾಗಿಯೇ. ಮತ್ತೊಂದು ಭೇದವೂ ಉಂಟು. ಬೆರ್ಚಪ್ಪನು ಹಕ್ಕಿಗಳಿಗೆ ಭಯಾನಕನು, ಅವನನ್ನು ಕಟ್ಟಿದ ರೈತನ ಮಕ್ಕಳಿಗೆ ಹಾಸ್ಯಾಸ್ಪದನು. ಒಂದೇ ರೂಪದಲ್ಲಿ ಎರಡು ರಸಗಳು. ನೋಮನಲ್ಲಿ ಭಯವು ಪೂರ್ತಿಯಾಗಿ ಆರಿಹೋಗಿ ಹಾಸ್ಯವು ಮಾತ್ರ ಉಳಿದಿದೆ. ಪ್ಯಾರಾಸೆಲ್ಸಸನ ಭೂಗರ್ಭದ ಜೀವಿಯಲ್ಲಿ ಇದ್ದ ಅದ್ಭುತವನ್ನು ಕಾರ್ಖಾನೆಯ ಅಚ್ಚು ಕಳೆದುಬಿಟ್ಟಿತು.

ಹೊರಗಡೆ ನಿಲ್ಲಿಸಿದ ರೂಪಕ್ಕೆ ಮತ್ತೊಂದು ವಿಧವಾದ ಗೌರವವೂ ಈ ಪ್ರಾಂತದಲ್ಲಿ ಸಂದಿದೆ. ಮದ್ದೂರು ತಾಲ್ಲೂಕಿನ ಆತಕೂರಿನಲ್ಲಿ ದೊರೆತು ಈಗ ಬೆಂಗಳೂರಿನ ವಸ್ತುಸಂಗ್ರಹಾಲಯದಲ್ಲಿರುವ ಶಕವರ್ಷ ೮೭೨ರ ಕಲ್ಲು, ಕಾಳಿಯೆಂಬ ಬೇಟೆನಾಯಿಯು ಕಾಡುಹಂದಿಯೊಡನೆ ಹೋರಾಡಿ ಎರಡೂ ಸತ್ತುದನ್ನು ಕೆತ್ತಿ ತೋರಿಸುತ್ತದೆ. ಗಂಗರ ಬೂತುಗನ ಆಳಾದ ಮಣಲೇರನು ಆ ನಾಯಿಗಾಗಿ ಕಲ್ಲನ್ನು ನಿಲ್ಲಿಸಿ, ಅದರ ಪೂಜೆಗೆ ಭೂಮಿಯನ್ನೂ ಬಿಟ್ಟನು. ಪ್ರಾಣಿಯ ರೂಪವಾದರೂ ಅದಕ್ಕೆ ಹೆಸರುಂಟು, ಮಾಡಿದ ಕೆಲಸವುಂಟು, ನೋಡಿಕೊಳ್ಳುವವನಿಗೆ ಕರ್ತವ್ಯವುಂಟು. ಕನ್ನಂಬಾಡಿಯ ಅಣೆಕಟ್ಟೆಯ ಕೆಳಗೆ ೧೯೨೭ರಿಂದ ೧೯೩೨ರವರೆಗೆ, ದಿವಾನ್ ಮಿರ್ಜಾ ಇಸ್ಮಾಯಿಲರ ಆಸ್ಥೆಯಿಂದ ನಿರ್ಮಿತವಾದ ಬೃಂದಾವನವು ಅಂತಸ್ತುಗಳ ರಚನೆಯಲ್ಲಿ ಮೊಗಲರ ಉದ್ಯಾನಗಳನ್ನು ಅನುಸರಿಸಿದರೂ, ಅಲ್ಲಿ ಜನರು ಕೈಮುಗಿಯುವ ಮೂರ್ತಿ ಕಾವೇರಿಯದು. ಹೆಸರಿಲ್ಲದೆ, ಕೆಲಸವಿಲ್ಲದೆ, ಕೇವಲ ನಗಿಸುವುದಕ್ಕಾಗಿ ನಿಂತಿರುವ ರೂಪವು ಈ ಪರಂಪರೆಗೆ ಹೊಸದು.

೫

ಹಾಗಾದರೆ ಈ ಬೊಂಬೆಗೆ ಕನ್ನಡದ ಮನೆಗಳಲ್ಲಿ ಬಂಧುಗಳೇ ಇಲ್ಲವೇ? ಉಂಟು, ಆದರೆ ಅವರನ್ನು ಗುಡಿಯಲ್ಲಿಯೂ ಹೊಲದಲ್ಲಿಯೂ ಹುಡುಕದೆ ನವರಾತ್ರಿಯ ಬೊಂಬೆಯ ಮೆಟ್ಟಿಲುಗಳ ಕೆಳಗೆ ಹುಡುಕಬೇಕು. ಮೇಲಣ ಮೆಟ್ಟಿಲಲ್ಲಿ ಪಟ್ಟದ ಬೊಂಬೆಗಳು ಕುಳಿತಿರಲು, ಕೆಳಗೆ ನೆಲದ ಮೇಲೆ ಮಕ್ಕಳು ತಟ್ಟೆಯಲ್ಲಿ ರಾಗಿಯನ್ನೋ ಸಾಸಿವೆಯನ್ನೋ ಚೆಲ್ಲಿ ಮೊಳೆಯಿಸಿ ತೋಟವನ್ನು ಮಾಡುತ್ತಾರೆ. ಕನ್ನಡಿಯ ಚೂರು ಕೊಳವಾಗುತ್ತದೆ. ಅದರ ಮಗ್ಗುಲಲ್ಲಿ ಅಕ್ಕಿ ಬೇಳೆಗಳ ಪುಟ್ಟ ರಾಶಿಗಳ ಮುಂದೆ ಡೊಳ್ಳುಹೊಟ್ಟೆಯ ಶೆಟ್ಟಿಯೂ ಶೆಟ್ಟಿಗಿತ್ತಿಯೂ ಅಂಗಡಿಯನ್ನು ಇಟ್ಟುಕೊಂಡು ಕುಳಿತಿರುತ್ತಾರೆ. ಧಾನ್ಯದ ರಾಶಿಯ ಮುಂದೆ ಕುಳಿತ ಈ ಸ್ಥೂಲೋದರನಲ್ಲಿ ಕುಬೇರನ ಛಾಯೆಯನ್ನು ಕಾಣುವವರು ಕಾಣಬಹುದು. ಅದು ಊಹೆಯೆನಿಸಿದರೂ ಇಷ್ಟು ಮಾತ್ರ ಪ್ರತ್ಯಕ್ಷ: ಹಸುರಿನ ನಡುವೆ ನಗುಮುಖದ ಪುಟ್ಟ ಬೊಂಬೆಯನ್ನು ಇಟ್ಟು, ಅದನ್ನು ಪೂಜಿಸದೆ, ಅದಕ್ಕೆ ಹೆದರದೆ, ಅದರೊಡನೆ ಆಡಿ ನಲಿಯುವ ಭಾವವು ಎರಡೂ ಕಡೆ ಒಂದೇ. ಸಾಮ್ಯವಿರುವುದು ಆಕಾರದಲ್ಲಲ್ಲ, ಲೀಲೆಯಲ್ಲಿ.

ಇಲ್ಲಿಯೂ ಭೇದವನ್ನು ಮರೆಯಬಾರದು. ಬೊಂಬೆಯ ತೋಟವು ಒಂಬತ್ತು ದಿನಗಳದು. ವಿಜಯದಶಮಿಯ ರಾತ್ರಿ ಬೊಂಬೆಗಳನ್ನು ಮಲಗಿಸಿ, ಮರುದಿನ ಬಟ್ಟೆಯಲ್ಲಿ ಸುತ್ತಿ ಪೆಟ್ಟಿಗೆಗೆ ಸೇರಿಸುತ್ತಾರೆ. ವರ್ಷಕ್ಕೊಮ್ಮೆ ಬರುವುದರಿಂದಲೇ ಅವಕ್ಕೆ ಬೇಸರವು ತಟ್ಟುವುದಿಲ್ಲ. ನೋಮನು ಬಿಸಿಲು ಮಳೆಯೆನ್ನದೆ ವರ್ಷಪೂರ್ತಿ ನಿಂತು ಬಣ್ಣಗೆಡುತ್ತಾನೆ. ಪಟ್ಟಣಗಳ ಮಕ್ಕಳ ಉದ್ಯಾನಗಳಲ್ಲಿ ಸಿಮೆಂಟಿನ ಜಿಂಕೆ, ಅಣಬೆ, ಕೊಕ್ಕರೆಗಳ ಗತಿಯೂ ಇದೇ. ಮದ್ದೂರು ತಾಲ್ಲೂಕಿನ ಕೊಕ್ಕರೆಬೆಳ್ಳೂರಿನಲ್ಲಿ ಬಣ್ಣದ ಕೊಕ್ಕರೆಗಳೂ ಹೆಜ್ಜಾರ್ಲೆಗಳೂ ಊರೊಳಗಿನ ಮರಗಳ ಮೇಲೆಯೇ ಗೂಡುಕಟ್ಟಿ ಮರಿಮಾಡುತ್ತವೆ. ಊರಿನವರು ಅವನ್ನು ಮನೆಯ ಮಕ್ಕಳಂತೆ ಕಾಪಾಡುತ್ತ ಬಂದಿದ್ದಾರೆ. ಜೀವಂತವಾದ ಕೊಕ್ಕರೆಯನ್ನು ಉಳಿಸಿಕೊಂಡ ತಾಲ್ಲೂಕಿನಲ್ಲಿ ಸಿಮೆಂಟಿನ ಕೊಕ್ಕರೆಯನ್ನು ನೋಡಿ ಸೌಂದರ್ಯವೆನ್ನುವವರಿಗೆ ಹೇಳಬೇಕಾದುದು ಹೆಚ್ಚೇನೂ ಇಲ್ಲ.

೬

ಕಡೆಯದಾಗಿ, ಶಬ್ದದ ವಿಚಾರಕ್ಕಿಂತ ಗುರುತರವಾದ ವಿಚಾರವೊಂದು ಉಳಿದಿದೆ. ನೋಮನನ್ನು ನೋಡಿ ಬರುವ ನಗೆಗೆ ಆಲಂಬನವು ಯಾವುದು? ವಿಕೃತವಾದ ಆಕಾರ, ವೇಷ, ವಾಕ್ಕುಗಳಿಂದ ಹಾಸ್ಯವು ಹುಟ್ಟುವುದೆಂದು ನಾಟ್ಯಶಾಸ್ತ್ರಕಾರರ ಮತ. ಸಂಸ್ಕೃತಕವಿಗಳೂ ಇದನ್ನು ಬಳಸಿಕೊಂಡಿದ್ದಾರೆ. ಶ್ರೀಹರ್ಷನ ರತ್ನಾವಳಿಯ ಎರಡನೆಯ ಅಂಕದಲ್ಲಿ ಕಪಿಯು ಕಟ್ಟು ಹರಿದುಕೊಂಡು ಅಂತಃಪುರಕ್ಕೆ ನುಗ್ಗಿದಾಗ ವಾಮನನೊಬ್ಬನು ಹೆದರಿ ಕಂಚುಕಿಯ ನಿಲುವಂಗಿಯೊಳಗೆ ಅಡಗುತ್ತಾನೆ. ಸಾಲ್ಜ್‌ಬರ್ಗಿನ ಅರಮನೆಯಲ್ಲಿದ್ದ ಪದ್ಧತಿಯೇ ಕನ್ನೋಜದ ಅರಮನೆಯ ಕವಿಗೂ ತಿಳಿದಿದ್ದಿತು. ಆದುದರಿಂದ ಈ ದೋಷವನ್ನು ಪಾಶ್ಚಾತ್ಯರ ತಲೆಯ ಮೇಲೆ ಮಾತ್ರ ಹೊರಿಸುವುದು ನ್ಯಾಯವಲ್ಲ.

ಆದರೆ ನಮ್ಮ ಪರಂಪರೆಯಲ್ಲಿ ಇದಕ್ಕೆ ಪ್ರತ್ಯುತ್ತರವೂ ಉಂಟು. ವಾಮನಾವತಾರದ ಕಥೆಯಲ್ಲಿ ಬಲಿಯ ಯಾಗಶಾಲೆಗೆ ಬಂದ ಕುಳ್ಳ ವಟುವು ಮೂರು ಹೆಜ್ಜೆಯ ನೆಲವನ್ನು ಬೇಡಿದಾಗ ಅದು ಅಲ್ಪವೆಂದು ತೋರಿತು. ಅಳೆಯತೊಡಗಿದಾಗ ಲೋಕವೇ ಸಾಲದಾಯಿತು. ಶರೀರದ ಅಳತೆಯಿಂದ ವ್ಯಕ್ತಿಯನ್ನು ಅಳೆಯಬಾರದೆಂಬ ಅರ್ಥವು ಈ ಕಥೆಯಲ್ಲಿ ಅಂತರ್ಗತವಾಗಿದೆ. ಈಗ ೨೦೧೬ರ ಅಂಗವಿಕಲರ ಹಕ್ಕುಗಳ ಅಧಿನಿಯಮದಲ್ಲಿ ಕುಳ್ಳತನವೂ ಪರಿಗಣಿತವಾಗಿದೆ. ತರಗತಿಯಲ್ಲಿ ಕುಳಿತ ವಿದ್ಯಾರ್ಥಿಯೊಬ್ಬನು ಅಂಥವನಾಗಿದ್ದರೆ, ಪಾಠದಲ್ಲಿ ಬಳಸಿದ ಶಬ್ದವು ಆಟದ ಬಯಲಿನಲ್ಲಿ ಅವನ ಅಡ್ಡಹೆಸರಾಗುವುದಕ್ಕೆ ಹೆಚ್ಚು ಹೊತ್ತು ಹಿಡಿಯುವುದಿಲ್ಲ. ಶಬ್ದವನ್ನು ಆರಿಸುವ ಉಪಾಧ್ಯಾಯರು ಇದನ್ನು ನೆನೆಯತಕ್ಕದ್ದು.

ಈ ದೃಷ್ಟಿಯಿಂದ 'ಉದ್ಯಾನಕುಬ್ಜ' ಎಂಬ ಅನುವಾದವೂ ಗ್ರಾಹ್ಯವಲ್ಲ. ಸಂಸ್ಕೃತದಲ್ಲಿ ಕುಬ್ಜನೆಂದರೆ ಗೂನು ಬೆನ್ನಿನವನು. ಕುಳ್ಳನಿಗೆ ಅಮರನು ಹೇಳುವ ಶಬ್ದಗಳು ಖರ್ವ, ಹ್ರಸ್ವ, ವಾಮನ ಎಂಬವು. ಕನ್ನಡದಲ್ಲಿ ಗುಜ್ಜ ಎಂಬ ತದ್ಭವದ ಮೂಲಕ ಎರಡು ಅರ್ಥಗಳೂ ಬೆರೆತುಹೋದವು. ಕಲ್ಲೋವಿನ ಚಿತ್ರಮಾಲಿಕೆಯಲ್ಲಿ ಗೂನರ ಹೆಸರಿನಡಿಯಲ್ಲಿ ಕುಳ್ಳರೂ ಸೇರಿದಂತೆಯೇ ಇದೂ ಆಯಿತು. ಎರಡು ಭಾಷೆಗಳಲ್ಲಿ ಒಂದೇ ಬಗೆಯ ಬೆರಕೆ ಆದುದಕ್ಕೆ ಕಾರಣವು ಸ್ಪಷ್ಟ: ನಗುವವನು ನಗೆಗೆ ಗುರಿಯಾದವರ ಭೇದವನ್ನು ಎಣಿಸುವುದಿಲ್ಲ.

ಮೇಲಣ ಪರಾಮರ್ಶೆಯಿಂದ ಸಿದ್ಧವಾಗುವುದಿಷ್ಟು. ಪ್ಯಾರಾಸೆಲ್ಸಸನ ಭೂತಜೀವಿಯನ್ನು ಹೇಳಬೇಕಾದಲ್ಲಿ ಗುಹ್ಯಕಶಬ್ದವು ಹತ್ತಿರಕ್ಕೆ ಬರುತ್ತದೆ. ಶಾಸ್ತ್ರಗ್ರಂಥಗಳಲ್ಲಿ ವಿವರಣೆಯೊಡನೆ ಅದನ್ನು ಉಪಯೋಗಿಸಬಹುದು. ತೋಟದ ಬೊಂಬೆಯನ್ನು ಹೇಳಬೇಕಾದಲ್ಲಿ 'ತೋಟದ ಬೊಂಬೆ' ಎಂದರೆ ಸಾಕು. ವಿಶೇಷವು ಬೇಕಾದರೆ 'ನೋಮ್' ಎಂಬ ಮಾತನ್ನೇ ಉಳಿಸಿಕೊಳ್ಳಬಹುದು. ಕನ್ನಡವು ಇದಕ್ಕಿಂತ ದೊಡ್ಡ ಪರಭಾಷಾಶಬ್ದಗಳನ್ನು ಜೀರ್ಣಿಸಿಕೊಂಡಿದೆ. 'ಕುಳ್ಳಬೊಂಬೆ' ಎಂಬ ಮಾತು ಈ ಲೇಖನದ ತಲೆಬರಹದಲ್ಲಿರುವಂತೆ ವಿದ್ವಚ್ಚರ್ಚೆಯಲ್ಲಿ ರೂಪವನ್ನು ಸೂಚಿಸುವುದಕ್ಕೆ ಸಲ್ಲಬಹುದು, ಪಾಠಪುಸ್ತಕಕ್ಕೆ ಬೇಡ. ಯಕ್ಷಶಬ್ದವನ್ನಂತೂ ಸರೋವರದ ದಡದಲ್ಲಿ ಪ್ರಶ್ನೆಯನ್ನು ಹಾಕಿದವನಿಗೂ, ಮೇಘವನ್ನು ಅಲಕೆಗೆ ಕಳುಹಿಸಿದವನಿಗೂ, ಕಂಬದಹಳ್ಳಿಯ ಕಂಬದ ಮೇಲೆ ಕುಳಿತವನಿಗೂ ಬಿಟ್ಟುಕೊಡುವುದು ಯುಕ್ತವಾಗಿದೆ.